ಉಗುರು ಬಾಗಿದರೆ, ಗುಳಿ ಬಿದ್ದರೆ

ಕಣ್ಣಿಗೆ ಕಾಣುವ ಉಗುರು ನಿರ್ಜೀವ ವಸ್ತು. ಕೂದಲು, ಕೊಂಬು, ಗೊರಸುಗಳಲ್ಲಿರುವ ಕೆರಾಟಿನ್ ಎಂಬ ಪ್ರೋಟೀನೇ ಪದರ ಪದರವಾಗಿ ಒತ್ತಿಕೊಂಡು ಈ ಗಟ್ಟಿ ಫಲಕವಾಗುತ್ತದೆ. ಅದನ್ನು ಹುಟ್ಟಿಸುವ ಜಾಗ ಮಾತ್ರ ಜೀವಂತವಾಗಿದ್ದು, ಉಗುರಿನ ಬುಡದಲ್ಲಿ ಚರ್ಮದ ಮಡಿಕೆಯ ಕೆಳಗೆ ಅಡಗಿರುತ್ತದೆ. ವೈದ್ಯರು ಇದನ್ನು ಮ್ಯಾಟ್ರಿಕ್ಸ್ ಎನ್ನುತ್ತಾರೆ. ಹೆಬ್ಬೆರಳಿನ ಉಗುರಿನ ಬುಡದಲ್ಲಿ ಕಾಣುವ ಬೆಳ್ಳನೆಯ ಅರ್ಧಚಂದ್ರ ಈ ಮ್ಯಾಟ್ರಿಕ್ಸಿನದೇ ಹೊರಗೆ ಇಣುಕುವ ಅಂಚು. ಅಲ್ಲಿ ಹುಟ್ಟಿದ ಜೀವಕೋಶಗಳು ಚಪ್ಪಟೆಯಾಗಿ, ಸತ್ತು, ಗಟ್ಟಿಯಾಗಿ, ಹಿಂದಿನಿಂದ ಬರುವ ಹೊಸ ಕೋಶಗಳ ಒತ್ತಡಕ್ಕೆ ಮುಂದಕ್ಕೆ ಸರಿಯುತ್ತವೆ. ಫಲಕದ ಕೆಳಗೆ ರಕ್ತನಾಳಗಳು ತುಂಬಿದ ಗುಲಾಬಿ ಬಣ್ಣದ ಹಾಸು ಇದೆ. ಅದರಡಿಯಲ್ಲಿ ಬೆರಳಿನ ಕೊನೆಯ ಮೂಳೆ.

ಹೀಗಾಗಿ ಉಗುರಿನ ಆಕಾರ ಕೆಡುವುದಕ್ಕೆ ದಾರಿಗಳು ಮೂರೇ. ಮ್ಯಾಟ್ರಿಕ್ಸಿನ ಕೆಲಸ ಏರುಪೇರಾದರೆ ಫಲಕದಲ್ಲಿ ಗುಳಿ, ಗೀರು, ತೆಳುವು ಕಾಣಿಸುತ್ತದೆ. ಹಾಸು ಊದಿಕೊಂಡರೆ ಮೇಲಿನ ಫಲಕ ಅದರ ಜೊತೆಗೆ ಬಾಗುತ್ತದೆ, ಇಲ್ಲವೇ ಹಾಸನ್ನು ಬಿಟ್ಟು ಮೇಲೇಳುತ್ತದೆ. ಇವೆರಡೂ ಸರಿಯಿದ್ದು ಹೊರಗಿನಿಂದ ನೀರು, ಸೋಪು, ಪೆಟ್ಟು, ಬಿಗಿ ಚಪ್ಪಲಿಗಳ ಕಾಟವಿದ್ದರೆ ಗಟ್ಟಿಯಾದ ಫಲಕವೇ ಹಾಳಾಗುತ್ತದೆ. ಮೊದಲಿನ ಎರಡರಲ್ಲಿ ಮೈಯೊಳಗಿನ ಕಾಯಿಲೆಯ ಸುಳಿವು ಸಿಗುವ ಸಂಭವವಿದೆ. ಮೂರನೆಯದರಲ್ಲಿ ಸಿಗುವುದು ಆ ವ್ಯಕ್ತಿ ಮಾಡುವ ಕೆಲಸದ ಸುಳಿವು. ನಿತ್ಯ ನೋಡಸಿಗುವ ಕೆಟ್ಟ ಉಗುರುಗಳಲ್ಲಿ ಮೂರನೆಯ ಬಗೆಯವು ಬಹಳ.

ಕೈಬೆರಳಿನ ಉಗುರು ತಿಂಗಳಿಗೆ ಸುಮಾರು 3 ಮಿಲಿಮೀಟರ್ ಬೆಳೆಯುತ್ತದೆ. ಬುಡದಿಂದ ತುದಿಯವರೆಗೆ ಪೂರ್ತಿ ಹೊಸದಾಗಲು ಆರು ತಿಂಗಳು ಬೇಕು. ಕಾಲಿನ ಉಗುರಿನದು ಇನ್ನೂ ನಿಧಾನದ ನಡೆ: ತಿಂಗಳಿಗೆ ಸುಮಾರು 1 ಮಿಲಿಮೀಟರ್, ಪೂರ್ತಿ ಹೊಸದಾಗಲು ಒಂದರಿಂದ ಒಂದೂವರೆ ವರ್ಷ. ನಡುಬೆರಳಿನ ಉಗುರು ಬೇಗ ಬೆಳೆಯುತ್ತದೆ, ಹೆಬ್ಬೆರಳು ಮತ್ತು ಕಿರುಬೆರಳಿನವು ತಡ. ವಯಸ್ಸಾದಂತೆ ವೇಗ ಇಳಿಯುತ್ತದೆ. ಅಮೆರಿಕದ ವೈದ್ಯ ವಿಲಿಯಂ ಬೀನ್ ತಮ್ಮ ಹೆಬ್ಬೆರಳಿನ ಉಗುರಿಗೆ ಗುರುತು ಹಾಕಿ 35 ವರ್ಷ ಬಿಡದೆ ಅಳೆದು ಇದನ್ನು ತೋರಿಸಿಕೊಟ್ಟರು: 32ನೇ ವಯಸ್ಸಿನಲ್ಲಿ ದಿನಕ್ಕೆ 0.123 ಮಿಲಿಮೀಟರ್ ಬೆಳೆಯುತ್ತಿದ್ದ ಉಗುರು 67ನೇ ವಯಸ್ಸಿಗೆ 0.095ಕ್ಕೆ ಇಳಿದಿತ್ತು. ಈ ಲೆಕ್ಕ ಬರೀ ಕುತೂಹಲಕ್ಕೆ ಹೇಳಿದ್ದಲ್ಲ. ಇಂದು ಉಗುರಿನ ನಡುವೆ ಕಾಣುವ ದೋಷ ಕೆಲವು ತಿಂಗಳ ಹಿಂದೆ ಹುಟ್ಟಿದ್ದು, ಇಂದು ಶುರುವಾದ ಚಿಕಿತ್ಸೆಯ ಫಲ ಕಾಣುವುದು ಮುಂದಿನ ಕೆಲವು ತಿಂಗಳಲ್ಲಿ ಎಂಬುದನ್ನು ಅದು ನೆನಪಿಸುತ್ತದೆ.

ಉಗುರನ್ನು ನೋಡುವಾಗ ಮೊದಲು ಕೇಳಬೇಕಾದ ಪ್ರಶ್ನೆ, ಕೆಟ್ಟಿರುವುದು ಒಂದು ಉಗುರೋ ಹತ್ತೂ ಉಗುರುಗಳೋ ಎಂಬುದು. ಒಂದೇ ಉಗುರು ಕೆಟ್ಟಿದ್ದರೆ ಕಾರಣ ಸಾಮಾನ್ಯವಾಗಿ ಆ ಬೆರಳಿನಲ್ಲೇ ಇರುತ್ತದೆ. ಎರಡೂ ಕೈಗಳ ಬಹುತೇಕ ಉಗುರುಗಳು ಒಂದೇ ರೀತಿ ಬದಲಾಗಿದ್ದರೆ ಕಾರಣವನ್ನು ಮೈಯೊಳಗೆ ಹುಡುಕಬೇಕು. ಎರಡನೆಯ ಪ್ರಶ್ನೆ, ಇದು ಯಾವಾಗಿನಿಂದ ಎಂಬುದು. ಹುಟ್ಟಿನಿಂದಲೂ ಹಾಗೇ ಇರುವ, ಅಪ್ಪನಿಗೋ ಅಜ್ಜಿಗೋ ಇದ್ದ ಆಕಾರದ ಬಗ್ಗೆ ಚಿಂತಿಸುವ ಅಗತ್ಯ ಕಡಿಮೆ. ಕಳೆದ ಆರು ತಿಂಗಳಲ್ಲಿ ಬದಲಾದ ಆಕಾರಕ್ಕೆ ಬೆಲೆ ಹೆಚ್ಚು.

ಊದಿದ ತುದಿ, ಬಾಗಿದ ಉಗುರು

ಆಕಾರದ ಬದಲಾವಣೆಗಳಲ್ಲಿ ಅತ್ಯಂತ ಹಳೆಯದೂ ಅತ್ಯಂತ ಮಹತ್ವದ್ದೂ ಕ್ಲಬ್ಬಿಂಗ್. ಗ್ರೀಸಿನ ಹಿಪೊಕ್ರಾಟಿಸ್ ಸುಮಾರು 2,400 ವರ್ಷಗಳ ಹಿಂದೆ, ಎದೆಗೂಡಿನಲ್ಲಿ ಕೀವು ತುಂಬಿದ ರೋಗಿಗಳ ಬೆರಳುಗಳಲ್ಲಿ ಇದನ್ನು ಗುರುತಿಸಿದ್ದ. ಇಂದಿಗೂ ಇದಕ್ಕೆ ಹಿಪೊಕ್ರಾಟಿಸನ ಬೆರಳು ಎಂಬ ಹೆಸರುಂಟು. ಬೆರಳಿನ ತುದಿ ಗದೆಯಂತೆ ದಪ್ಪವಾಗುತ್ತದೆ. ಉಗುರು ಉದ್ದಕ್ಕೂ ಅಡ್ಡಕ್ಕೂ ಉಬ್ಬಿ ತುದಿಯಲ್ಲಿ ಕೆಳಕ್ಕೆ ಬಾಗುತ್ತದೆ. ನೋವಿರುವುದಿಲ್ಲ, ತುರಿಕೆಯೂ ಇಲ್ಲ. ಬದಲಾವಣೆ ತಿಂಗಳುಗಟ್ಟಲೆ ನಡೆಯುವುದರಿಂದ ರೋಗಿಯ ಗಮನಕ್ಕೇ ಬರುವುದಿಲ್ಲ. ಬೇರಾವುದೋ ಕಾರಣಕ್ಕೆ ಹೋದಾಗ ವೈದ್ಯರು ಕೈ ಹಿಡಿದು ನೋಡಿ ಪತ್ತೆಹಚ್ಚುವುದೇ ಹೆಚ್ಚು.

ಬದಲಾವಣೆಗೂ ಒಂದು ಕ್ರಮವಿದೆ. ಮೊದಲು ಉಗುರಿನ ಬುಡ ಮೆತ್ತಗಾಗುತ್ತದೆ. ಬುಡದ ಮೇಲೆ ಬೆರಳಿಟ್ಟು ಅದುಮಿದರೆ ಉಗುರು ಒಳಗೆ ತೇಲುತ್ತಿರುವಂತೆ ಅನ್ನಿಸುತ್ತದೆ. ಆಮೇಲೆ ಬುಡದ ಕೋನ ಮಾಯವಾಗುತ್ತದೆ. ಆರೋಗ್ಯವಂತರ ಬೆರಳನ್ನು ಪಕ್ಕದಿಂದ ನೋಡಿದರೆ ಚರ್ಮ ಮುಗಿದು ಉಗುರು ಶುರುವಾಗುವಲ್ಲಿ ಸಣ್ಣ ತಗ್ಗು ಕಾಣುತ್ತದೆ. ಅಲ್ಲಿನ ಕೋನ ಸುಮಾರು 160 ಡಿಗ್ರಿ. ಕ್ಲಬ್ಬಿಂಗ್‌ನಲ್ಲಿ ತಗ್ಗು ತುಂಬಿ ಕೋನ 180 ಡಿಗ್ರಿ ದಾಟುತ್ತದೆ. ಉಬ್ಬು ಹೆಚ್ಚಾಗುವುದು, ತುದಿ ದಪ್ಪವಾಗುವುದು ಕೊನೆಕೊನೆಗೆ. ಕೆಲವರಲ್ಲಿ ಮಣಿಕಟ್ಟು, ಕಣಕಾಲಿನ ಮೂಳೆಗಳ ಮೇಲೂ ಹೊಸ ಮೂಳೆಯ ಪದರ ಬೆಳೆದು ನೋವು ಕೊಡುತ್ತದೆ. ಆ ಹಂತಕ್ಕೆ ಬಂದರೆ ಶ್ವಾಸಕೋಶದ ಕ್ಯಾನ್ಸರಿನ ಸಾಧ್ಯತೆಯನ್ನು ಮೊದಲು ಪರೀಕ್ಷಿಸುತ್ತಾರೆ.

ಮನೆಯಲ್ಲೇ ನೋಡಿಕೊಳ್ಳಬಹುದಾದ ಸುಲಭ ಪರೀಕ್ಷೆಯೊಂದಿದೆ. ಎರಡೂ ಕೈಗಳ ತೋರುಬೆರಳುಗಳನ್ನು ಮಡಿಚಿ, ಉಗುರಿಗೆ ಉಗುರು, ಕೊನೆಯ ಗೆಣ್ಣಿಗೆ ಗೆಣ್ಣು ತಾಗುವಂತೆ ಬೆನ್ನಿಗೆ ಬೆನ್ನು ಜೋಡಿಸಿ ಬೆಳಕಿಗೆ ಹಿಡಿಯಬೇಕು. ಎರಡು ಉಗುರುಗಳ ಬುಡಗಳ ನಡುವೆ ವಜ್ರಾಕಾರದ ಸಣ್ಣ ಕಿಂಡಿ ಕಂಡರೆ ಸರಿ. ಕಿಂಡಿ ಮುಚ್ಚಿಹೋಗಿದ್ದರೆ ವೈದ್ಯರಿಗೆ ತೋರಿಸಬೇಕು. ದಕ್ಷಿಣ ಆಫ್ರಿಕಾದ ಹೃದ್ರೋಗ ತಜ್ಞ ಲಿಯೋ ಶಾಮ್ರೋತ್ ಇದನ್ನು 1976ರಲ್ಲಿ ಪ್ರಕಟಿಸಿದರು. ಹೃದಯದ ಒಳಪದರದ ಸೋಂಕಿಗೆ ತುತ್ತಾಗಿದ್ದ ಅವರು ಈ ಲಕ್ಷಣವನ್ನು ಕಂಡದ್ದು ತಮ್ಮದೇ ಬೆರಳುಗಳಲ್ಲಿ.

ಬೆರಳ ತುದಿಗೂ ಎದೆಯೊಳಗಿನ ರೋಗಕ್ಕೂ ಏನು ಸಂಬಂಧ? ಹೆಚ್ಚಿನವರು ಒಪ್ಪುವ ವಿವರಣೆ ಹೀಗಿದೆ. ಪ್ಲೇಟ್ಲೆಟ್‌ಗಳನ್ನು ಹುಟ್ಟಿಸುವ ದೊಡ್ಡ ಕೋಶಗಳು ಎಲುಬಿನ ಮಜ್ಜೆಯಿಂದ ಹೊರಟು ಶ್ವಾಸಕೋಶದ ಸೂಕ್ಷ್ಮ ರಕ್ತನಾಳಗಳಲ್ಲಿ ಸಿಕ್ಕಿ ಚೂರಾಗುತ್ತವೆ. ಶ್ವಾಸಕೋಶ ಹಾಳಾಗಿದ್ದರೆ ಅಥವಾ ಹೃದಯದ ಗೋಡೆಯಲ್ಲಿನ ರಂಧ್ರದಿಂದಾಗಿ ರಕ್ತ ಶ್ವಾಸಕೋಶವನ್ನು ಬಳಸಿಕೊಂಡು ಹೋದರೆ, ಈ ಕೋಶಗಳೂ ಪ್ಲೇಟ್ಲೆಟ್ ಗುಂಪುಗಳೂ ಚೂರಾಗದೆ ಬೆರಳ ತುದಿಯ ಕಿರುನಾಳಗಳವರೆಗೆ ಬಂದು ಸಿಕ್ಕಿಕೊಳ್ಳುತ್ತವೆ. ಅಲ್ಲಿ ಅವು ಬಿಡುವ ರಾಸಾಯನಿಕಗಳು ರಕ್ತನಾಳ, ಅಂಗಾಂಶಗಳನ್ನು ಬೆಳೆಸುತ್ತವೆ, ಹಾಸು ದಪ್ಪವಾಗುತ್ತದೆ, ಮೇಲಿನ ಉಗುರು ಬಾಗುತ್ತದೆ. ಕೆಲವು ಕುಟುಂಬಗಳಲ್ಲಿ ಯಾವ ರೋಗವೂ ಇಲ್ಲದೆ ವಂಶಪಾರಂಪರ್ಯವಾಗಿ ಕ್ಲಬ್ಬಿಂಗ್ ಬರುತ್ತದೆ. ಅಂಥ ಕೆಲವು ಕುಟುಂಬಗಳಲ್ಲಿ ಪ್ರೊಸ್ಟಾಗ್ಲಾಂಡಿನ್ ಎಂಬ ವಸ್ತುವನ್ನು ಒಡೆಯುವ ಜೀನ್‌ನಲ್ಲಿ ದೋಷವಿದೆಯೆಂದು 2008ರಲ್ಲಿ ತಿಳಿದುಬಂತು.

ಕ್ಲಬ್ಬಿಂಗ್‌ಗೆ ಕಾರಣವಾಗುವ ರೋಗಗಳಲ್ಲಿ ಶ್ವಾಸಕೋಶದವೇ ಮುಂದು: ಕ್ಯಾನ್ಸರ್, ಕೀವುಗಟ್ಟುವಿಕೆ, ಶ್ವಾಸಕೋಶ ಗಟ್ಟಿಯಾಗುವ ಫೈಬ್ರೋಸಿಸ್, ಶ್ವಾಸನಾಳಗಳು ಹಿಗ್ಗಿ ಕಫ ನಿಲ್ಲುವ ಬ್ರಾಂಕಿಯೆಕ್ಟಾಸಿಸ್. ಈ ಕೊನೆಯದು ನಮ್ಮ ದೇಶದಲ್ಲಿ ಅನೇಕರಿಗೆ ವಾಸಿಯಾದ ಕ್ಷಯ ಬಿಟ್ಟುಹೋಗುವ ಉಳಿಕೆ. ಬೀಡಿ, ಸಿಗರೇಟು ಸೇದುವವರಿಗೆ ಇಲ್ಲಿ ಒಂದು ಮುಖ್ಯ ಮಾತಿದೆ. ಧೂಮಪಾನದಿಂದ ಬರುವ ದೀರ್ಘಕಾಲದ ಉಬ್ಬಸ, ಕೆಮ್ಮಿನ ಕಾಯಿಲೆ ತಾನಾಗಿ ಸಾಮಾನ್ಯವಾಗಿ ಕ್ಲಬ್ಬಿಂಗ್ ತರುವುದಿಲ್ಲ. ಆದ್ದರಿಂದ ವರ್ಷಗಳಿಂದ ಕೆಮ್ಮುತ್ತಿರುವ ಧೂಮಪಾನಿಯ ಉಗುರು ಹೊಸದಾಗಿ ಬಾಗತೊಡಗಿದರೆ ಅದನ್ನು ಹಳೆಯ ಕೆಮ್ಮಿನ ಲೆಕ್ಕಕ್ಕೆ ಸೇರಿಸದೆ ಎದೆಯ ಎಕ್ಸ್‌ರೇ, ಬೇಕಾದರೆ ಸಿ.ಟಿ. ಸ್ಕ್ಯಾನ್ ಮಾಡಿಸಲೇಬೇಕು.

ಮಕ್ಕಳಲ್ಲಿ ಕಾರಣ ಬೇರೆ. ಹುಟ್ಟಿನಿಂದಲೇ ಹೃದಯದ ರಚನೆಯಲ್ಲಿ ದೋಷವಿದ್ದು ಆಮ್ಲಜನಕ ಕಡಿಮೆಯಿರುವ ರಕ್ತ ಮೈಗೆಲ್ಲ ಹರಿಯುವ ಮಕ್ಕಳಲ್ಲಿ ತುಟಿ, ಉಗುರು ನೀಲಿಗಟ್ಟುವುದರ ಜೊತೆಗೆ ಬೆರಳ ತುದಿಯೂ ಊದುತ್ತದೆ. ಆಡುವಾಗ ಬೇಗ ಏದುಸಿರು ಬಿಟ್ಟು ಕುಕ್ಕರುಗಾಲಲ್ಲಿ ಕೂರುವ ಮಗುವಿನ ಬೆರಳನ್ನು ನೋಡುವುದು ಹೆತ್ತವರಿಗೂ ಶಿಕ್ಷಕರಿಗೂ ಕಷ್ಟವೇನಲ್ಲ. ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದಡಿ ಅಂಗನವಾಡಿ, ಸರ್ಕಾರಿ ಶಾಲೆಗಳಿಗೆ ಬರುವ ವೈದ್ಯರ ತಂಡ ಪರೀಕ್ಷಿಸುವ ದೋಷಗಳ ಪಟ್ಟಿಯಲ್ಲಿ ಹುಟ್ಟು ಹೃದ್ರೋಗವೂ ಇದೆ. ಶಸ್ತ್ರಚಿಕಿತ್ಸೆಯಿಂದ ಹೃದಯದ ದೋಷ ಸರಿಹೋದ ಮೇಲೆ ಬೆರಳುಗಳೂ ಕ್ರಮೇಣ ಮೊದಲಿನಂತಾಗುತ್ತವೆ.

ಯಕೃತ್ತಿನ ಸಿರೋಸಿಸ್, ಕರುಳಿನ ದೀರ್ಘಕಾಲದ ಉರಿಯೂತ, ಹೃದಯದ ಒಳಪದರದ ಸೋಂಕು, ಅಪರೂಪಕ್ಕೆ ಥೈರಾಯ್ಡ್ ಕಾಯಿಲೆಯೂ ಪಟ್ಟಿಯಲ್ಲಿವೆ. ಒಂದು ಕೈಯ ಬೆರಳುಗಳಷ್ಟೇ ಊದಿದ್ದರೆ ಆ ತೋಳಿನ ರಕ್ತನಾಳವನ್ನು ಪರೀಕ್ಷಿಸುತ್ತಾರೆ. ಕ್ಲಬ್ಬಿಂಗ್‌ಗೆಂದೇ ಯಾವ ಔಷಧವೂ ಇಲ್ಲ, ಬೇಕಾಗಿಯೂ ಇಲ್ಲ. ಚಿಕಿತ್ಸೆ ಮೂಲ ರೋಗಕ್ಕೆ.

ಚಮಚದಂತೆ ತಗ್ಗಾದ ಉಗುರು

ಇದು ಕ್ಲಬ್ಬಿಂಗ್‌ಗೆ ತಿರುಗುಮುರುಗು. ಉಗುರು ಮೊದಲು ತೆಳುವಾಗಿ ಚಪ್ಪಟೆಯಾಗುತ್ತದೆ. ಆಮೇಲೆ ಅಂಚುಗಳು ಮೇಲೆದ್ದು ನಡುವೆ ತಗ್ಗು ಬೀಳುತ್ತದೆ. ಕೈಯನ್ನು ಮೇಜಿನ ಮೇಲಿಟ್ಟು ಉಗುರಿನ ಮೇಲೆ ಒಂದು ಹನಿ ನೀರು ಬಿಟ್ಟರೆ ಹನಿ ಜಾರದೆ ನಿಲ್ಲುವಷ್ಟು ತಗ್ಗಾಗುತ್ತದೆ. ಹೆಬ್ಬೆರಳು, ತೋರುಬೆರಳು, ನಡುಬೆರಳುಗಳಲ್ಲಿ ಇದು ಎದ್ದು ಕಾಣುತ್ತದೆ.

ಇದರ ಹೆಸರಾಂತ ಕಾರಣ ಕಬ್ಬಿಣದ ಕೊರತೆಯ ರಕ್ತಹೀನತೆ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಐದನೆಯ ಸುತ್ತಿನ ಪ್ರಕಾರ ಕರ್ನಾಟಕದಲ್ಲಿ 15ರಿಂದ 49 ವರ್ಷದ ಹೆಂಗಸರಲ್ಲಿ ಶೇಕಡಾ 47.8 ಮಂದಿಗೆ ರಕ್ತಹೀನತೆಯಿದೆ. ದೇಶದ ಸರಾಸರಿ ಶೇಕಡಾ 57. ಇವರೆಲ್ಲರ ಉಗುರೂ ತಗ್ಗಾಗಿಲ್ಲ ಎಂಬುದನ್ನು ಗಮನಿಸಬೇಕು. ಕಬ್ಬಿಣದ ಕೊರತೆ ಆಳವಾಗಿ, ಬಹುಕಾಲ ಮುಂದುವರಿದವರಲ್ಲಿ ಕೆಲವರಿಗಷ್ಟೇ ಉಗುರು ಈ ರೂಪ ತಾಳುತ್ತದೆ. ಉಗುರು ಚೆನ್ನಾಗಿದೆ, ಹಾಗಾಗಿ ರಕ್ತಹೀನತೆ ಇಲ್ಲ ಎಂದುಕೊಳ್ಳುವುದು ತಪ್ಪು. ಮೆಟ್ಟಿಲು ಹತ್ತಿದರೆ ಏದುಸಿರು, ಸದಾ ಸುಸ್ತು, ಕೂದಲು ಉದುರುವುದು, ನಾಲಿಗೆ ನುಣುಪಾಗಿ ಉರಿಯುವುದು, ಬಾಯಿಯ ಕೊನೆಯಲ್ಲಿ ಸೀಳುವುದು, ಮಣ್ಣು, ಬಳಪ, ಹಸಿ ಅಕ್ಕಿ ತಿನ್ನುವ ಚಪಲ ಇವೆಲ್ಲ ಉಗುರಿಗಿಂತ ಮುಂಚೆಯೇ ಕಾಣಿಸಬಹುದು.

ರಕ್ತಪರೀಕ್ಷೆ ಸುಲಭ. ಗರ್ಭಿಣಿಯಲ್ಲದ ಹೆಂಗಸರಲ್ಲಿ ಹಿಮೋಗ್ಲೋಬಿನ್ ಡೆಸಿಲೀಟರಿಗೆ 12 ಗ್ರಾಂ, ಗರ್ಭಿಣಿಯರಲ್ಲಿ 11, ಗಂಡಸರಲ್ಲಿ 13ಕ್ಕಿಂತ ಕಡಿಮೆಯಿದ್ದರೆ ರಕ್ತಹೀನತೆ. ಜೊತೆಗೆ ಫೆರಿಟಿನ್ ಪರೀಕ್ಷೆ ಮಾಡಿದರೆ ಮೈಯಲ್ಲಿ ಕಬ್ಬಿಣದ ದಾಸ್ತಾನು ಎಷ್ಟಿದೆಯೆಂದು ತಿಳಿಯುತ್ತದೆ. ಕಬ್ಬಿಣ ಕಡಿಮೆಯಾಗಿದೆ ಎಂಬಲ್ಲಿಗೆ ಪತ್ತೆ ಮುಗಿಯುವುದಿಲ್ಲ. ಅದು ಎಲ್ಲಿ ಸೋರುತ್ತಿದೆ ಎಂದು ಕೇಳಬೇಕು. ಹರೆಯದ ಹೆಂಗಸರಲ್ಲಿ ಅತಿಯಾದ ಮುಟ್ಟಿನ ಸ್ರಾವ, ಮೇಲಿಂದ ಮೇಲೆ ಹೆರಿಗೆ ಸಾಮಾನ್ಯ ಕಾರಣಗಳು. ಬರಿಗಾಲಲ್ಲಿ ಹೊಲ, ತೋಟಗಳಲ್ಲಿ ನಡೆಯುವವರಿಗೆ ಕೊಕ್ಕೆಹುಳು. ಗಂಡಸರಲ್ಲಿ, ಮುಟ್ಟು ನಿಂತ ಹೆಂಗಸರಲ್ಲಿ ಕಬ್ಬಿಣ ತೀರಾ ಇಳಿದಿದ್ದರೆ ಜಠರದ ಹುಣ್ಣು, ಮೂಲವ್ಯಾಧಿ, ಕರುಳಿನ ಕ್ಯಾನ್ಸರ್ ಇವುಗಳಿಂದ ರಕ್ತ ಒಸರುತ್ತಿದೆಯೇ ಎಂದು ನೋಡದೆ ಬರೀ ಟಾನಿಕ್ ಬರೆದುಕೊಡುವುದು ಅರ್ಧ ಚಿಕಿತ್ಸೆ.

ಕಬ್ಬಿಣದ ಮಾತ್ರೆ ನುಂಗಿದರೆ ಮಲ ಕಪ್ಪಾಗುತ್ತದೆ, ಹೆದರಬೇಕಿಲ್ಲ. ಹಿಮೋಗ್ಲೋಬಿನ್ ಸರಿಹೋದ ಮೇಲೂ ಸುಮಾರು ಮೂರು ತಿಂಗಳು ಮಾತ್ರೆ ಮುಂದುವರಿಸಿದರೆ ಮಾತ್ರ ದಾಸ್ತಾನು ತುಂಬುತ್ತದೆ. ಸುಸ್ತು ಕಡಿಮೆಯಾದ ತಕ್ಷಣ ಮಾತ್ರೆ ಬಿಡುವವರೇ ಬಹಳ. ಊಟದ ಜೊತೆ ಕಾಫಿ, ಚಹಾ ಕುಡಿದರೆ ಸೊಪ್ಪು, ಕಾಳು, ರಾಗಿಯಲ್ಲಿನ ಕಬ್ಬಿಣ ಮೈಗೆ ಹತ್ತುವುದು ಕುಗ್ಗುತ್ತದೆ. ಒಂದು ಗಂಟೆಯ ಅಂತರವಿರಲಿ. ನುಗ್ಗೆಸೊಪ್ಪಿನ ಪಲ್ಯಕ್ಕೆ ನಿಂಬೆರಸ ಹಿಂಡುವುದು, ಊಟದ ಕೊನೆಗೆ ಸೀಬೆ ಅಥವಾ ನೆಲ್ಲಿಕಾಯಿ ತಿನ್ನುವುದು, ರಾಗಿ, ಹೆಸರುಕಾಳು ಮೊಳಕೆ ಬರಿಸುವುದು ನೆರವಾಗುತ್ತವೆ. ಮಾಂಸಾಹಾರಿಗಳಿಗೆ ಮಾಂಸ, ಮೀನಿನ ಕಬ್ಬಿಣ ಇವೆಲ್ಲಕ್ಕಿಂತ ಸಲೀಸಾಗಿ ಸಿಗುತ್ತದೆ. ಆದರೆ ಉಗುರು ತಗ್ಗಾಗುವಷ್ಟು ಕೊರತೆಯನ್ನು ಆಹಾರವೊಂದೇ ತುಂಬಲಾರದು.

ತಗ್ಗಾದ ಉಗುರೆಲ್ಲ ರಕ್ತಹೀನತೆಯದೇ ಅಲ್ಲ. ಹಸುಗೂಸುಗಳ ಕಾಲ್ಬೆರಳಿನ ಉಗುರು ಹುಟ್ಟುವಾಗಲೇ ತಗ್ಗಾಗಿರುವುದುಂಟು, ಬೆಳೆಯುತ್ತ ಸರಿಹೋಗುತ್ತದೆ. ಎಣ್ಣೆ, ಸೀಮೆಎಣ್ಣೆ, ಸಾಲ್ವೆಂಟ್‌ಗಳಲ್ಲಿ ದಿನವೂ ಕೈಯಾಡಿಸುವ ಮೆಕ್ಯಾನಿಕ್‌ಗಳಲ್ಲಿ ಉಗುರು ಮೆತ್ತಗಾಗಿ ತಗ್ಗಾಗುತ್ತದೆ. ಲಡಾಖಿನ ಎತ್ತರದ ಹಳ್ಳಿಗಳ ಜನರಲ್ಲಿ, ನೇಪಾಳದ ಶೆರ್ಪಾಗಳಲ್ಲಿ ಈ ಉಗುರು ಸಾಮಾನ್ಯವೆಂದು ವೈದ್ಯರು ವರದಿ ಮಾಡಿದ್ದಾರೆ. ವಿಚಿತ್ರವೆಂದರೆ ಮೈಯಲ್ಲಿ ಕಬ್ಬಿಣ ಅತಿಯಾಗಿ ಶೇಖರವಾಗುವ ಹಿಮೋಕ್ರೋಮಟೋಸಿಸ್ ಎಂಬ ವಂಶವಾಹಿ ಕಾಯಿಲೆಯಲ್ಲೂ ಉಗುರು ಹೀಗೆಯೇ ಆಗುತ್ತದೆ. ರಕ್ತಪರೀಕ್ಷೆ ಇಲ್ಲದೆ ಉಗುರು ನೋಡಿ ಕಬ್ಬಿಣದ ಮಾತ್ರೆ ನುಂಗಬಾರದು ಎನ್ನುವುದಕ್ಕೆ ಇದಕ್ಕಿಂತ ಒಳ್ಳೆಯ ಕಾರಣ ಬೇಡ.

ಅಡ್ಡ ಗೀರು: ಹಿಂದಿನ ಕಾಯಿಲೆಯ ದಿನಾಂಕ

ತೀವ್ರ ಜ್ವರ, ದೊಡ್ಡ ಶಸ್ತ್ರಚಿಕಿತ್ಸೆ, ಅಪಘಾತಗಳಂಥ ಆಘಾತಕ್ಕೆ ದೇಹ ಸಿಕ್ಕಾಗ ಮ್ಯಾಟ್ರಿಕ್ಸ್ ಕೆಲವು ದಿನ ಕೆಲಸ ನಿಧಾನಿಸುತ್ತದೆ. ಆಗ ತಯಾರಾದ ಉಗುರಿನ ಪಟ್ಟಿ ತೆಳು. ಆ ತೆಳು ಪಟ್ಟಿಯೇ ಮುಂದೆ ಅಡ್ಡ ಗೀರಾಗಿ ಹೊರಬರುತ್ತದೆ. ಇದನ್ನು 1846ರಲ್ಲಿ ವಿವರಿಸಿದ ಫ್ರಾನ್ಸಿನ ವೈದ್ಯ ಜೋಸೆಫ್ ಬೋ ಅವರ ಹೆಸರಿನಿಂದಲೇ ಇವು ಬೋ ಗೆರೆಗಳು. ಟೈಫಾಯ್ಡ್, ಮಲೇರಿಯಾ, ಡೆಂಗಿ, ನ್ಯುಮೋನಿಯಾ, ಕೋವಿಡ್ ಯಾವುದರ ನಂತರವೂ ಬರಬಹುದು. ಕ್ಯಾನ್ಸರಿಗೆ ಕೀಮೋಥೆರಪಿ ಪಡೆಯುತ್ತಿರುವವರಲ್ಲಿ ಪ್ರತಿ ಸುತ್ತಿಗೊಂದರಂತೆ ಹಲವು ಗೀರುಗಳು ಸಮಾನಾಂತರವಾಗಿ ಕಾಣುವುದುಂಟು.

ಗೀರು ಬುಡದಿಂದ ಎಷ್ಟು ದೂರವಿದೆ ಎಂದು ಅಳೆದರೆ ಆಘಾತ ಯಾವಾಗ ಆಯಿತೆಂಬ ಅಂದಾಜು ಸಿಗುತ್ತದೆ. ಚರ್ಮದ ಮಡಿಕೆಯಿಂದ 6 ಮಿಲಿಮೀಟರ್ ಮುಂದಿದ್ದರೆ ಹೊರಬಂದು ಎರಡು ತಿಂಗಳಾಗಿದೆ. ಮಡಿಕೆಯ ಕೆಳಗೆ ಸಾಗಿಬರಲು ಒಂದು ತಿಂಗಳು ಸೇರಿಸಿದರೆ ಸುಮಾರು ಮೂರು ತಿಂಗಳ ಹಿಂದಿನ ಘಟನೆ. ಗೀರಿನ ಆಳ ಆಘಾತದ ತೀವ್ರತೆಯನ್ನೂ ಅಗಲ ಅದು ನಡೆದ ಅವಧಿಯನ್ನೂ ಸ್ಥೂಲವಾಗಿ ಹೇಳುತ್ತದೆ. ಎಲ್ಲ ಉಗುರಿನಲ್ಲೂ ಒಂದೇ ಮಟ್ಟದಲ್ಲಿ ಗೀರಿದ್ದರೆ ಮಾತ್ರ ಈ ಲೆಕ್ಕ. ಒಂದೇ ಉಗುರಿನಲ್ಲಿದ್ದರೆ ಬಾಗಿಲ ಸಂದಿಗೆ ಸಿಕ್ಕಿದ ನೆನಪು ಸಾಕು.

ಮಕ್ಕಳಲ್ಲಿ ಕೈ, ಕಾಲು, ಬಾಯಿಯಲ್ಲಿ ಗುಳ್ಳೆ ಏಳುವ ವೈರಸ್ ಜ್ವರ ಬಂದು ಹೋದ ಒಂದೆರಡು ತಿಂಗಳ ಮೇಲೆ ಉಗುರುಗಳು ಬುಡದಿಂದಲೇ ಕಳಚಿ ಬೀಳುವುದುಂಟು. ಜ್ವರ ಮರೆತೇಹೋಗಿರುವ ಹೆತ್ತವರು ಗಾಬರಿಯಾಗುವುದು ಸಹಜ. ಕೆಳಗಿನಿಂದ ಹೊಸ ಉಗುರು ಬರುತ್ತಿರುತ್ತದೆ, ಔಷಧ ಬೇಕಿಲ್ಲ.

ಆರ್ಸೆನಿಕ್ ವಿಷ ಮೈ ಸೇರಿದಾಗ ಕಾಣುವ ಬಿಳಿ ಅಡ್ಡ ಪಟ್ಟಿಗಳನ್ನು ಇದರೊಂದಿಗೆ ಬೆರೆಸಬಾರದು. ಅವುಗಳಲ್ಲಿ ಬಣ್ಣ ಮಾತ್ರ ಬದಲು, ಉಗುರು ಸವರಿದರೆ ನುಣುಪಾಗಿಯೇ ಇರುತ್ತದೆ. ರಾಯಚೂರು, ಯಾದಗಿರಿ ಜಿಲ್ಲೆಗಳ ಕೆಲವು ಹಳ್ಳಿಗಳ ಅಂತರ್ಜಲದಲ್ಲಿ ಆರ್ಸೆನಿಕ್ ಪತ್ತೆಯಾಗಿರುವುದರಿಂದ ಆ ಭಾಗದವರು ಅಂಗೈ, ಅಂಗಾಲಿನಲ್ಲಿ ಗಟ್ಟಿ ಗಂಟುಗಳು, ಮೈಮೇಲೆ ಕಪ್ಪು ಬಿಳಿ ಚುಕ್ಕೆಗಳು ಕಂಡರೆ ಕುಡಿಯುವ ನೀರನ್ನೂ ಪರೀಕ್ಷೆಗೆ ಕೊಡುವುದು ಒಳ್ಳೆಯದು.

ಗುಳಿ ಬಿದ್ದ ಉಗುರು, ಮೇಲೆದ್ದ ಉಗುರು

ಸೂಜಿಯಿಂದ ಚುಚ್ಚಿದಂತೆ ಉಗುರಿನ ಮೇಲೆಲ್ಲ ಸಣ್ಣ ಗುಳಿಗಳಿದ್ದರೆ ಮೊದಲು ನೆನಪಾಗಬೇಕಾದದ್ದು ಸೋರಿಯಾಸಿಸ್. ಮ್ಯಾಟ್ರಿಕ್ಸಿನ ಹಿಂಭಾಗದಲ್ಲಿ ಸರಿಯಾಗಿ ಗಟ್ಟಿಯಾಗದ ಕೋಶಗಳ ಗುಂಪು ಉಗುರು ಹೊರಬಂದ ಮೇಲೆ ಉದುರಿಹೋಗಿ ಗುಳಿ ಉಳಿಯುತ್ತದೆ. ಒಂದೆರಡು ಗುಳಿ ಆರೋಗ್ಯವಂತರಲ್ಲೂ ಇರಬಹುದು. ಗುಳಿ ಬಹಳವಾಗಿ, ಆಳವಾಗಿ, ಅಡ್ಡಾದಿಡ್ಡಿಯಾಗಿದ್ದು, ಉಗುರಿನಡಿ ಎಣ್ಣೆಯ ಕಲೆಯಂಥ ಹಳದಿ ಕಂದು ಮಚ್ಚೆ ಕಂಡರೆ ಅನುಮಾನ ಗಟ್ಟಿಯಾಗುತ್ತದೆ. ಚರ್ಮದಲ್ಲಿ ಹೊಟ್ಟು ಏಳುವ ಮಚ್ಚೆಗಳು ಮೊಣಕೈ, ಮೊಣಕಾಲು, ನೆತ್ತಿ, ಕಿವಿಯ ಹಿಂದೆ ಅಡಗಿರಬಹುದು. ಕೆಲವರಲ್ಲಿ ಉಗುರು ಬಿಟ್ಟರೆ ಬೇರೆಲ್ಲೂ ಇರುವುದಿಲ್ಲ. ಉಗುರು ಕೆಟ್ಟವರು ಕೀಲುಗಳ ಬಗ್ಗೆ ಎಚ್ಚರವಾಗಿರಬೇಕು. ಬೆರಳಿನ ಕೊನೆಯ ಕೀಲಿನ ಸ್ನಾಯುಬಂಧಕ್ಕೂ ಉಗುರಿನ ಬುಡಕ್ಕೂ ನೇರ ನಂಟಿರುವುದರಿಂದ ಸೋರಿಯಾಸಿಸ್ ಸಂಧಿವಾತ ಬಂದವರಲ್ಲಿ ಹೆಚ್ಚಿನವರ ಉಗುರು ಮೊದಲೇ ಕೆಟ್ಟಿರುತ್ತದೆ. ಬೆಳಿಗ್ಗೆ ಎದ್ದಾಗ ಬೆರಳು ಬಿಗಿದುಕೊಳ್ಳುವುದು, ಒಂದು ಬೆರಳು ಪೂರ್ತಿ ಊದಿಕೊಳ್ಳುವುದು ಕಂಡರೆ ತಡ ಮಾಡದೆ ಕೀಲುರೋಗ ತಜ್ಞರನ್ನು ನೋಡಬೇಕು. ಕೀಲು ಒಮ್ಮೆ ಸವೆದರೆ ಮರಳದು. ಗುಳಿಗಳು ಸಣ್ಣವಾಗಿ, ಸಾಲಾಗಿ ಇದ್ದರೆ ತಲೆಗೂದಲು ನಾಣ್ಯದಗಲ ಉದುರುವ ಅಲೋಪೇಶಿಯಾ ಅರಿಯೇಟಾದ ಜೊತೆಯಿರಬಹುದು.

ಉಗುರು ತುದಿಯಿಂದ ಹಾಸನ್ನು ಬಿಟ್ಟು ಮೇಲೆದ್ದರೆ ಕೆಳಗೆ ಗಾಳಿ ಸೇರಿ ಬೆಳ್ಳಗೆ ಕಾಣುತ್ತದೆ. ಕಾರಣಗಳು ಹಲವು: ಪಾತ್ರೆ ಬಟ್ಟೆ ತೊಳೆಯುವ ನೀರು, ಉದ್ದ ಬಿಟ್ಟ ಉಗುರಿಗೆ ಬೀಳುವ ಮೀಟು, ಶಿಲೀಂಧ್ರ, ಸೋರಿಯಾಸಿಸ್, ಡಾಕ್ಸಿಸೈಕ್ಲಿನ್ ಮಾತ್ರೆ ತೆಗೆದುಕೊಳ್ಳುತ್ತ ಬಿಸಿಲಲ್ಲಿ ದುಡಿಯುವುದು. ಥೈರಾಯ್ಡ್ ಅತಿಯಾಗಿ ಕೆಲಸ ಮಾಡುವವರಲ್ಲಿ ಉಂಗುರಬೆರಳಿನ ಉಗುರು ಮೊದಲು ಏಳುವುದುಂಟು. ತೂಕ ಇಳಿಯುವುದು, ಎದೆಬಡಿತ, ಕೈನಡುಕ, ಸೆಕೆ ತಡೆಯಲಾಗದಿರುವುದು ಜೊತೆಗಿದ್ದರೆ ಟಿ.ಎಸ್.ಎಚ್. ಪರೀಕ್ಷೆ ಮಾಡಿಸಬೇಕು. ಮೇಲೆದ್ದ ಭಾಗವನ್ನು ಕಡ್ಡಿ ಹಾಕಿ ಕೆದಕಿ ಶುಚಿ ಮಾಡುವ ಅಭ್ಯಾಸ ಅದನ್ನು ಇನ್ನಷ್ಟು ಬಿಡಿಸುತ್ತದೆ. ಗಿಡ್ಡಗೆ ಕತ್ತರಿಸಿ ಒಣಗಿಸಿ ಇಟ್ಟುಕೊಳ್ಳುವುದೇ ಮದ್ದು.

ದಪ್ಪಗಾದ ಹಳದಿ ಉಗುರಿಗೆಲ್ಲ ಶಿಲೀಂಧ್ರವೇ ಕಾರಣವೆಂಬ ನಂಬಿಕೆ ಔಷಧದಂಗಡಿಗಳಲ್ಲೂ ಇದೆ. ಶಿಲೀಂಧ್ರದ ಮಾತ್ರೆಗಳನ್ನು ಕೈಯುಗುರಿಗೆ ಆರು ವಾರ, ಕಾಲುಗುರಿಗೆ ಹನ್ನೆರಡು ವಾರ ನುಂಗಬೇಕು. ಯಕೃತ್ತಿನ ಮೇಲೆ ಕಣ್ಣಿಡಬೇಕು. ಅಷ್ಟಕ್ಕೆ ಮೊದಲು ಉಗುರಿನ ಚೂರನ್ನು ಸೂಕ್ಷ್ಮದರ್ಶಕದಲ್ಲಿ ನೋಡಿ ಖಚಿತಪಡಿಸಿಕೊಳ್ಳುವುದು ಖರ್ಚಿನಲ್ಲೂ ಜಾಣತನ.

ಕೆಲಸ, ವಯಸ್ಸು, ವಂಶ

ಗದ್ದೆ ನಾಟಿ, ಮೀನು ಶುಚಿ ಮಾಡುವುದು, ಹೋಟೆಲಿನ ಪಾತ್ರೆ, ಮನೆಗೆಲಸ ಹೀಗೆ ಕೈ ಸದಾ ಒದ್ದೆಯಿರುವವರಲ್ಲಿ ಉಗುರುಸುತ್ತು ಬಿಡದೆ ಕಾಡುತ್ತದೆ. ಬುಡದ ತೆಳು ಪೊರೆ ಕಿತ್ತುಹೋಗಿ ಮಡಿಕೆ ಊದಿಕೊಳ್ಳುತ್ತದೆ. ಅದರ ಒತ್ತಡ ಮ್ಯಾಟ್ರಿಕ್ಸಿನ ಮೇಲೆ ಬಿದ್ದು ಉಗುರು ಅಲೆಅಲೆಯಾಗಿ ಏಳುಬೀಳಾಗುತ್ತದೆ. ನಿಂಬೆಹಣ್ಣಿಗೆ ಬೆರಳು ತೂರಿಸಿ ಕೂರುವುದು ಹಳೆಯ ಮನೆಮದ್ದು. ಆದರೆ ಹುಳಿರಸ ಹುಣ್ಣಾದ ಚರ್ಮವನ್ನು ಇನ್ನಷ್ಟು ಕೆರಳಿಸುತ್ತದೆ, ಕೀವು ತುಂಬಿದ್ದರೆ ಅದನ್ನು ಹೊರಬಿಡಿಸುವ ಸಣ್ಣ ಚಿಕಿತ್ಸೆ ತಡವಾಗುತ್ತದೆ. ಒಳಗೆ ಹತ್ತಿ, ಮೇಲೆ ರಬ್ಬರ್ ಕೈಗವಸು, ಕೆಲಸ ಮುಗಿದ ಮೇಲೆ ಬೆರಳ ಸಂದಿ ಒರೆಸಿ ಕೊಬ್ಬರಿ ಎಣ್ಣೆ ಅಥವಾ ವ್ಯಾಸಲೀನ್ ಸವರುವುದು ಇದರ ತಡೆಗೆ ಬೇಕಾದದ್ದು. ಮಧುಮೇಹಿಗಳು ಉಗುರುಸುತ್ತನ್ನು ಸಲೀಸಾಗಿ ಬಿಡಬಾರದು.

ಉದ್ದುದ್ದ ಗೆರೆಗಳು ವಯಸ್ಸಾದವರಲ್ಲಿ ಸಹಜ. ಹೆಬ್ಬೆರಳಿನ ನಡುವೆ ತೊಳೆಹಲಗೆಯಂತೆ ಸಾಲು ಗೀರುಗಳಿದ್ದರೆ ಆ ವ್ಯಕ್ತಿ ತನಗರಿವಿಲ್ಲದೆ ತೋರುಬೆರಳಿನಿಂದ ಬುಡವನ್ನು ಕೆರೆಯುತ್ತಿರುತ್ತಾನೆ. ಒಂದೇ ಉಗುರಿನಲ್ಲಿ ಉದ್ದಕ್ಕೆ ಕಾಲುವೆಯಂತೆ ತಗ್ಗು ಕಂಡು, ಅದರ ಬುಡದಲ್ಲಿ ಸಣ್ಣ ಗಂಟಿದ್ದರೆ ಅದು ಕೀಲಿನಿಂದ ಬಂದ ಲೋಳೆಯ ಗಂಟು. ತಣ್ಣೀರು ತಾಗಿದರೆ ಜೀವ ಹೋಗುವಂತೆ ಒಂದೇ ಉಗುರು ನೋಯುತ್ತಿದ್ದರೆ ಗ್ಲೋಮಸ್ ಎಂಬ ಪುಟ್ಟ ಗೆಡ್ಡೆ ಒಳಗಿರಬಹುದು. ತೆಗೆಸಿದರೆ ನೋವು ಮಾಯ. ಉಗುರು ತೆಳುವಾಗಿ ಸೀಳಿ, ಬುಡದ ಚರ್ಮ ಮುಂದಕ್ಕೆ ಬೆಳೆದು ಉಗುರಿಗೆ ಅಂಟಿಕೊಳ್ಳುತ್ತಿದ್ದರೆ ಲೈಕನ್ ಪ್ಲೇನಸ್ ಇರಬಹುದು. ಇದು ಮ್ಯಾಟ್ರಿಕ್ಸನ್ನೇ ಕಲೆಗಟ್ಟಿಸಿ ಉಗುರನ್ನು ಶಾಶ್ವತವಾಗಿ ಕಳೆಯಬಲ್ಲದಾದ್ದರಿಂದ ಚರ್ಮತಜ್ಞರ ಬಳಿ ಬೇಗ ಹೋಗಬೇಕು. ಮುದುಕರ ಕಾಲ್ಬೆರಳಿನಲ್ಲಿ ಟಗರಿನ ಕೊಂಬಿನಂತೆ ಸುರುಳಿಯಾಗುವ ದಪ್ಪ ಉಗುರಿಗೆ ಕಾರಣ ಬಹುಮಟ್ಟಿಗೆ ಉಪೇಕ್ಷೆ: ಬಗ್ಗಿ ಕತ್ತರಿಸಲಾಗದು, ಕತ್ತರಿಸುವವರಿಲ್ಲ.

ಹೆಬ್ಬೆರಳಿನ ಉಗುರು ಮೋಟಾಗಿ ಅಗಲವಾಗಿರುವುದು ವಂಶದಲ್ಲಿ ಇಳಿದುಬರುವ ನಿರಪಾಯ ಲಕ್ಷಣ. ಆದರೆ ಹುಟ್ಟಿನಿಂದ ಹೆಬ್ಬೆರಳಿನ ಉಗುರು ಅರ್ಧವೇ ಇದ್ದು, ಅರ್ಧಚಂದ್ರ ತ್ರಿಕೋನವಾಗಿದ್ದು, ಮೊಣಕಾಲ ಚಿಪ್ಪು ಚಿಕ್ಕದಾಗಿದ್ದರೆ ಅದು ನೇಲ್ ಪಟೆಲ್ಲಾ ಸಿಂಡ್ರೋಮ್. ಇದರಲ್ಲಿ ಮೂತ್ರಪಿಂಡ ಕೆಡುವ, ಕಣ್ಣಿನ ಒತ್ತಡ ಏರುವ ಸಂಭವವಿರುವುದರಿಂದ ಮೂತ್ರದ ಪ್ರೋಟೀನು ಮತ್ತು ಕಣ್ಣನ್ನು ನಿಯಮಿತವಾಗಿ ಪರೀಕ್ಷಿಸಬೇಕಾಗುತ್ತದೆ.

ಉಗುರಿನ ಬಿಳಿ ಚುಕ್ಕೆ ಕ್ಯಾಲ್ಸಿಯಂ ಕೊರತೆಯೆಂದು ನಂಬುವವರು ಇಂದಿಗೂ ಇದ್ದಾರೆ. ಸಾಮಾನ್ಯವಾಗಿ ಅದು ಬುಡಕ್ಕೆ ಬಿದ್ದ ಸಣ್ಣ ಪೆಟ್ಟಿನ ಗುರುತು. ಉಗುರು ಬಲಪಡಿಸುತ್ತದೆಂದು ಮಾರುವ ಬಯೋಟಿನ್ ಮಾತ್ರೆಯ ಬಗ್ಗೆ ಗೊತ್ತಿರಬೇಕಾದ ಸಂಗತಿ ಬೇರೆಯೇ ಇದೆ: ಹೆಚ್ಚಿನ ಪ್ರಮಾಣದ ಬಯೋಟಿನ್ ಥೈರಾಯ್ಡ್ ಪರೀಕ್ಷೆಯನ್ನೂ, ಹೃದಯಾಘಾತ ಪತ್ತೆಯ ಟ್ರೊಪೋನಿನ್ ಪರೀಕ್ಷೆಯನ್ನೂ ತಪ್ಪು ತೋರಿಸಬಲ್ಲದೆಂದು ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್.ಡಿ.ಎ. 2017ರಲ್ಲಿ ಎಚ್ಚರಿಸಿತು. ರಕ್ತ ಕೊಡುವ ಮುನ್ನ ಈ ಮಾತ್ರೆ ತೆಗೆದುಕೊಳ್ಳುತ್ತಿರುವುದನ್ನು ಹೇಳಲೇಬೇಕು.

ತಿಂಗಳಿಗೊಮ್ಮೆ ಹಗಲ ಬೆಳಕಿನಲ್ಲಿ ಹತ್ತೂ ಬೆರಳುಗಳನ್ನು ಮೇಲಿನಿಂದಲೂ ಪಕ್ಕದಿಂದಲೂ ನೋಡಿಕೊಂಡರೆ ಸಾಕು. ಅನುಮಾನ ಬಂದರೆ ಒಂದು ಫೋಟೊ ತೆಗೆದಿಟ್ಟು ಮುಂದಿನ ತಿಂಗಳು ಹೋಲಿಸಬಹುದು. ಕಾಯದೆ ಹೋಗಬೇಕಾದ ಸಂದರ್ಭಗಳೂ ಇವೆ: ಬೆರಳ ತುದಿ ಊದಿ ಶಾಮ್ರೋತ್ ಕಿಂಡಿ ಮುಚ್ಚಿರುವುದು, ಉಗುರು ನೀಲಿಗಟ್ಟುವುದು, ತಗ್ಗಾದ ಉಗುರಿನ ಜೊತೆ ಏದುಸಿರು, ಒಂದೇ ಉಗುರಿನಲ್ಲಿ ಹೊಸದಾಗಿ ಹುಟ್ಟಿ ಅಗಲವಾಗುತ್ತಿರುವ ಅಥವಾ ಬುಡದ ಚರ್ಮಕ್ಕೂ ಹರಡಿರುವ ಕಪ್ಪು ಗೆರೆ. ಕಪ್ಪು ಮೈಬಣ್ಣದವರಲ್ಲಿ ಹಲವು ಉಗುರುಗಳಲ್ಲಿ ತೆಳು ಕಪ್ಪು ಗೆರೆಗಳಿರುವುದು ಸಾಮಾನ್ಯ. ಒಂಟಿಯಾಗಿ ಬೆಳೆಯುವ ಗೆರೆ ಮಾತ್ರ ಮೆಲನೋಮಾ ಎಂಬ ಕ್ಯಾನ್ಸರ್ ಆಗಿರಬಹುದು. ಮೊದಲು ಹತ್ತಿರದ ವೈದ್ಯರನ್ನು ನೋಡಿದರೆ ಸಾಕು, ಅವರು ರಕ್ತಪರೀಕ್ಷೆಯನ್ನೋ ಎಕ್ಸ್‌ರೇಯನ್ನೋ ಮಾಡಿಸಿ ಮುಂದಿನ ದಾರಿ ಹೇಳುತ್ತಾರೆ. ಆಸ್ಪತ್ರೆಗೆ ಹೊರಡುವ ಮೊದಲು ಎರಡೂ ಕೈಗಳ ನೇಲ್ ಪಾಲಿಶ್ ಅಳಿಸಿಕೊಂಡು ಹೋಗಿ. ಬಣ್ಣದಡಿ ಮುಚ್ಚಿದ ಉಗುರಿನಿಂದ ವೈದ್ಯರಿಗೆ ಏನೂ ತಿಳಿಯುವುದಿಲ್ಲ.